ವಾರವಿಲ್ಲದ ದಿನ

ಕಥೆಗಾರ ಊರು ಕಟ್ಟಬಹುದು, ನದಿ ಹರಿಸಬಹುದು, ರಾಜರ ವಂಶಾವಳಿಯನ್ನೇ ಹೆಣೆಯಬಹುದು. ಆದರೆ ಆ ಊರಿನಲ್ಲಿ ಇಂದು ಯಾವ ತಾರೀಕು, ಯಾವ ವಾರ ಎಂದು ಕೇಳಿದರೆ? ಬಹುಪಾಲು ಕಥೆಗಾರರು ಈ ಪ್ರಶ್ನೆಯಿಂದ ಜಾಣತನದಿಂದ ಜಾರಿಕೊಳ್ಳುತ್ತಾರೆ. ಆಕ್ಸ್‌ಫರ್ಡಿನ ಪ್ರಾಧ್ಯಾಪಕ ಜೆ. ಆರ್. ಆರ್. ಟಾಲ್ಕಿನ್ ಜಾರಿಕೊಳ್ಳಲಿಲ್ಲ. 1954-55ರಲ್ಲಿ ಮೂರು ಸಂಪುಟಗಳಾಗಿ ಪ್ರಕಟವಾದ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಕಾದಂಬರಿಯ ಕೊನೆಗೆ, ತಮ್ಮ ಕಲ್ಪನಾಲೋಕದ ಕಾಲಗಣನೆಗಾಗಿಯೇ ಅವರು ಒಂದು ಅನುಬಂಧ ಸೇರಿಸಿದರು.

ಇದು ಬರೀ ಹವ್ಯಾಸದ ಮಾತಲ್ಲ. 1944ರಲ್ಲಿ, ಕಾದಂಬರಿಯ ಬರವಣಿಗೆ ನಡೆದಿರುವಾಗಲೇ, ಅವರಿಗೆ ಒಂದು ಎಡವಟ್ಟು ಗೋಚರಿಸಿತು. ಬೇರೆ ಬೇರೆ ದಾರಿ ಹಿಡಿದ ಪಾತ್ರಗಳ ಪೈಕಿ ಕೆಲವರ ಪಾಲಿಗೆ ಚಂದ್ರ ಮೂಡುತ್ತಿದ್ದ. ಅದೇ ಹೊತ್ತಿಗೆ ಉಳಿದವರ ಪಾಲಿಗೆ ಮುಳುಗುತ್ತಿದ್ದ! ಹಿಂದಿನ ಅಧ್ಯಾಯಗಳನ್ನು ತಿದ್ದುವುದರಲ್ಲೇ ಒಂದು ಇಡೀ ಮಧ್ಯಾಹ್ನ ಕಳೆದುಹೋಯಿತೆಂದು ಮಗನಿಗೆ ಬರೆದ ಪತ್ರದಲ್ಲಿ ಅವರು ತಿಳಿಸಿದ್ದಾರೆ. ಕಥೆ ಕಟ್ಟುವವನ ಕೈಯಲ್ಲಿ ಪಂಚಾಂಗವೂ ಇರಬೇಕಾಗುತ್ತದೆ.

ಟಾಲ್ಕಿನ್ ರೂಪಿಸಿದ ಪಂಚಾಂಗಗಳಲ್ಲಿ ತೀರ ಸೊಗಸಾದದ್ದು ಹಾಬಿಟ್‌ಗಳದು. ಹಾಬಿಟ್‌ಗಳೆಂದರೆ ಷೈರ್ ಎಂಬ ನಾಡಿನ ಕುಳ್ಳ ಜನ, ಬೇಸಾಯಗಾರರು, ಊಟಪ್ರಿಯರು. ಅವರ ವರ್ಷಕ್ಕೆ 12 ತಿಂಗಳು, ಪ್ರತಿ ತಿಂಗಳಿಗೂ 30 ದಿನ. ಮಿಕ್ಕ 5 ದಿನಗಳು ಯಾವ ತಿಂಗಳಿಗೂ ಸೇರದ ಹಬ್ಬದ ದಿನಗಳು. ಎರಡು ವರ್ಷದ ತುದಿಗಳಲ್ಲಿ, ಮೂರು ನಡುಬೇಸಿಗೆಯಲ್ಲಿ.

365 ದಿನಗಳನ್ನು ಏಳರಿಂದ ಭಾಗಿಸಿದರೆ ಒಂದು ಉಳಿಯುತ್ತದೆ. ಈ ವರ್ಷ ಸೋಮವಾರ ಬಂದ ತಾರೀಕು ಮುಂದಿನ ವರ್ಷ ಮಂಗಳವಾರಕ್ಕೆ ಜಾರುವುದು ಇದರಿಂದಲೇ. ಹಾಬಿಟ್‌ಗಳು ಇದಕ್ಕೆ ಸುಲಭೋಪಾಯ ಕಂಡುಕೊಂಡರು. ವರ್ಷದ ನಟ್ಟನಡುವಿನ ಹಬ್ಬದ ದಿನಕ್ಕೆ ವಾರದ ಹೆಸರೇ ಇಲ್ಲದಂತೆ ಮಾಡಿದರು. ಅಧಿಕ ವರ್ಷದ ಹೆಚ್ಚುವರಿ ದಿನಕ್ಕೂ ಅಷ್ಟೆ. ಉಳಿದ 364 ದಿನಗಳು ಸರಿಯಾಗಿ 52 ವಾರ. ಅಲ್ಲಿಂದಾಚೆಗೆ ಯಾವ ತಾರೀಕಿಗೆ ಯಾವ ವಾರವೆಂಬುದು ಶಾಶ್ವತವಾಗಿ ನಿಂತುಬಿಟ್ಟಿತು. ಪತ್ರದ ಮೇಲೆ ವಾರ ಬರೆಯುವ ಗೋಜೇ ತಪ್ಪಿತು. ಯಾವ ತಿಂಗಳೂ ಶುಕ್ರವಾರ ಆರಂಭವಾಗದ ಕಾರಣ, ‘ಒಂದನೇ ತಾರೀಕು ಶುಕ್ರವಾರ’ ಎಂಬುದು ಅಲ್ಲಿ ನಗೆಮಾತಾಯಿತು. ನಮ್ಮಲ್ಲಿ ಮೊಲಕ್ಕೆ ಕೊಂಬು ಮೂಡಿದಾಗ ಎನ್ನುತ್ತಾರಲ್ಲ, ಹಾಗೆ.

ನಿಜ ಪ್ರಪಂಚದಲ್ಲೂ ಈ ಉಪಾಯ ಹೂಡಿದವರುಂಟು. ಅಮೆರಿಕದ ಎಲಿಸಬೆತ್ ಅಕೆಲಿಸ್ 1930ರಲ್ಲಿ ಸಂಸ್ಥೆಯೊಂದನ್ನು ಸ್ಥಾಪಿಸಿ ‘ವಿಶ್ವ ಕ್ಯಾಲೆಂಡರ್’ ಪರ ಪ್ರಚಾರ ಕೈಗೊಂಡರು. ಅದರಲ್ಲಿಯೂ ವರ್ಷದ ಕೊನೆಯ ದಿನಕ್ಕೆ ವಾರದ ಹೆಸರಿಲ್ಲ. ಇದನ್ನು ವಿಶ್ವಸಂಸ್ಥೆಯ ಮುಂದಿಟ್ಟ ದೇಶ ಬೇರಾವುದೂ ಅಲ್ಲ, ಭಾರತ! ಟಾಲ್ಕಿನ್ನರ ಮೊದಲ ಸಂಪುಟ ಹೊರಬಂದ 1954ರಲ್ಲೇ ವಿಜ್ಞಾನಿ ಮೇಘನಾದ ಸಾಹಾ ಜಿನೀವಾದಲ್ಲಿ ಅದರ ಪರವಾಗಿ ವಾದಿಸಿದರು. ಆದರೆ 1955ರಲ್ಲಿ ಅಮೆರಿಕ ವಿರೋಧ ಸೂಚಿಸಿತು. 1956ರಲ್ಲಿ ಪ್ರಸ್ತಾಪ ಮೂಲೆ ಸೇರಿತು.

ಸೋತದ್ದು ಲೆಕ್ಕವಲ್ಲ. ಏಳನೆಯ ದಿನ ಪವಿತ್ರವೆಂದು ತಲೆತಲಾಂತರದಿಂದ ನಡೆದುಕೊಂಡು ಬಂದ ಯೆಹೂದಿಗಳಿಗೆ ಹೆಸರಿಲ್ಲದ ದಿನವೂ ದಿನವೇ. ಅದನ್ನು ಎಣಿಕೆಯಿಂದ ಬಿಟ್ಟರೆ ಸಬ್ಬತ್ ಒಂದು ವರ್ಷ ಶನಿವಾರ, ಮರುವರ್ಷ ಶುಕ್ರವಾರ ಎಂದು ಅಲೆಯತೊಡಗುತ್ತದೆ; ಅಂದು ಅಂಗಡಿ ಮುಚ್ಚುವವನು, ಶಾಲೆ ಬಿಡಿಸುವವನು ನೆರೆಹೊರೆಯಿಂದಲೇ ಬೇರೆಯಾಗುತ್ತಾನೆ. ಭಾನುವಾರದ ಕ್ರೈಸ್ತರಿಗೂ ಶುಕ್ರವಾರದ ಮುಸ್ಲಿಮರಿಗೂ ಇದೇ ಇಕ್ಕಟ್ಟು. ಹಾಬಿಟ್‌ಗಳಿಗೆ ಈ ತೊಡಕಿರಲಿಲ್ಲ. ಅವರ ವಾರದ ದೊಡ್ಡ ದಿನವೆಂದರೆ ಮಧ್ಯಾಹ್ನದ ಮೇಲೆ ರಜೆ, ಸಂಜೆ ಔತಣ, ಅಷ್ಟೆ. ಆದರೂ ಗಡಿ ದಾಟಿ ಬ್ರೀ ಎಂಬ ಊರಿನಿಂದಾಚೆ ಹೋದರೆ ಆ ಪಂಚಾಂಗ ಅಷ್ಟು ಅನುಕೂಲವಲ್ಲವೆಂದು ಟಾಲ್ಕಿನ್ನರೇ ಬರೆದಿಟ್ಟಿದ್ದಾರೆ.

ಪಂಚಾಂಗವನ್ನು ಕಟ್ಟಲು ಒಬ್ಬ ಜಾಣ ಸಾಕು. ಅದರಂತೆ ಬದುಕಲು ನೆರೆಯವರೂ ಒಪ್ಪಬೇಕು. ಲೋಕಕ್ಕೆಲ್ಲ ಒಂದೇ ಶಾಶ್ವತ ಕ್ಯಾಲೆಂಡರ್ ಎಂದು ಬಂದೀತೆಂದು ಹಾಬಿಟ್‌ಗಳನ್ನು ಕೇಳಿದರೆ ಅವರು ತಟ್ಟನೆ ತಾರೀಕು ಕೊಟ್ಟಾರು: ಒಂದನೇ ತಾರೀಕು, ಶುಕ್ರವಾರ.