ಕಾವೇರಿಯ ಹಾಡಿನ ಹಿಂದಿನ ವಿಜಯಭಾಸ್ಕರ್

ಕೊಡಗಿನ ಕಾವೇರಿ ಎಂದೊಡನೆ ಅನೇಕರಿಗೆ ತಲಕಾವೇರಿಯ ಜೊತೆಗೆ 'ಶರಪಂಜರ' ಚಿತ್ರದ ಹಾಡೂ ನೆನಪಾಗುತ್ತದೆ. ಹಾಡಿದವರಾರು ಎಂದರೆ ಪಿ.ಬಿ. ಶ್ರೀನಿವಾಸ್, ಪಿ. ಸುಶೀಲಾ ಎಂದು ಥಟ್ಟನೆ ಉತ್ತರ ಬರುತ್ತದೆ. ನಾಯಕಿ ಕಲ್ಪನಾ, ನಿರ್ದೇಶಕ ಪುಟ್ಟಣ್ಣ ಕಣಗಾಲ್ ಎಂಬುದೂ ಗೊತ್ತು. ಆದರೆ ರಾಗ ಹಾಕಿದವರು ಯಾರು? ಇಲ್ಲಿ ಬಹಳ ಮಂದಿ ತಡವರಿಸುತ್ತಾರೆ. ಅವರು ವಿಜಯಭಾಸ್ಕರ್.

1924ರಲ್ಲಿ ಜನಿಸಿದ ವಿಜಯಭಾಸ್ಕರ್ ಐವತ್ತರ ದಶಕದಲ್ಲಿ ಕನ್ನಡ ಚಿತ್ರರಂಗಕ್ಕೆ ಬಂದರು. 'ರಾಣಿ ಹೊನ್ನಮ್ಮ' (1960), 'ಸಂತ ತುಕಾರಾಂ' (1963), 'ನಾಂದಿ' (1964) ಚಿತ್ರಗಳಿಗೆ ಸಂಗೀತ ನೀಡಿದರು. 1967ರ 'ಬೆಳ್ಳಿಮೋಡ'ದಿಂದ ಪುಟ್ಟಣ್ಣನವರ ಜೊತೆ ಅವರ ನಂಟು ಬೆಳೆಯಿತು.

ಆ ಕಾಲದ ಧ್ವನಿಮುದ್ರಣ ಸುಲಭದ ಕೆಲಸವಾಗಿರಲಿಲ್ಲ. ಗಾಯಕರು, ವಾದ್ಯದವರು ಎಲ್ಲರೂ ಒಂದೇ ವೇಳೆಗೆ ಕೂಡಿ ಹಾಡಿ ನುಡಿಸಬೇಕಿತ್ತು. ಒಬ್ಬರು ತಪ್ಪಿದರೂ ಮತ್ತೆ ಮೊದಲಿನಿಂದ! ಇದರಲ್ಲಿ ಗಣಿತವೂ ಇದೆ. ಪರದೆಯ ಮೇಲೆ ಸೆಕೆಂಡಿಗೆ 24 ಚಿತ್ರಗಳು ಹಾಯುತ್ತವೆ. 35 ಮಿ.ಮೀ. ಫಿಲ್ಮಿನ ಒಂದು ಅಡಿಯಲ್ಲಿ 16 ಚಿತ್ರಗಳಿರುತ್ತವೆ. ಹಾಗಾದರೆ ನಿಮಿಷಕ್ಕೆ 90 ಅಡಿ. ಮೂರು ನಿಮಿಷದ ಹಾಡಿಗೆ 270 ಅಡಿ. ಸಂಗೀತಕ್ಕೆ ಭಾವ ಬೇಕು, ಆದರೆ ಅದು ಈ ಅಳತೆಯೊಳಗೇ ಅರಳಬೇಕು.

ಸಿನಿಮಾದಲ್ಲಿ ಎಷ್ಟೋ ಬಾರಿ ಮೊದಲು ರಾಗ ಸಿದ್ಧವಾಗಿ, ಅದಕ್ಕೆ ತಕ್ಕಂತೆ ಮಾತು ಹೊಸೆಯುತ್ತಾರೆ. ಕವಿಯ ರಚನೆಯನ್ನು ಅಳವಡಿಸುವಾಗ ಈ ಅನುಕೂಲವಿಲ್ಲ. ಮಾತು ಮೊದಲೇ ನಿಂತಿರುತ್ತದೆ. 'ಬೆಳ್ಳಿಮೋಡ'ದಲ್ಲಿ ದ.ರಾ. ಬೇಂದ್ರೆಯವರ 'ಬೆಳಗು' ಕವನಕ್ಕೂ 'ಶರಪಂಜರ'ದಲ್ಲಿ ಅವರದೇ ಇನ್ನೊಂದು ಕವನಕ್ಕೂ ವಿಜಯಭಾಸ್ಕರ್ ಹಾಕಿದ ರಾಗ ಕೇಳಿ ನೋಡಿ. ಪದ ಮುರಿಯುವುದಿಲ್ಲ, ಅರ್ಥ ಮಸುಕಾಗುವುದಿಲ್ಲ. ಪುಸ್ತಕದ ಕವನ ಓದು ಬಾರದವರ ನಾಲಗೆಗೂ ಬಂತು.

ತ್ರಿವೇಣಿಯವರ ಕಾದಂಬರಿಯನ್ನು ಆಧರಿಸಿದ 'ಶರಪಂಜರ' ಎಪ್ಪತ್ತರ ದಶಕದ ಆರಂಭದ ಚಿತ್ರ. ಮನೋರೋಗದಿಂದ ಗುಣವಾಗಿ ಬಂದ ಹೆಣ್ಣನ್ನು ಮನೆಯವರೂ ಸಮಾಜವೂ ನಂಬದೆ ಮತ್ತೆ ನೋಯಿಸುವ ಕಥೆ. ನಾಯಕಿಯ ಹೆಸರೂ ಕಾವೇರಿಯೇ. ಆದ್ದರಿಂದ ಕೊಡಗಿನ ಹಾಡು ನದಿಯ ವರ್ಣನೆಯಷ್ಟೇ ಅಲ್ಲ. ಅವಳು ಮುಂದೆ ಕಳೆದುಕೊಳ್ಳಲಿರುವ ಸಂತೋಷದ ಚಿತ್ರ. ಆ ನಲಿವು ನಿಜವೆನಿಸಿದಷ್ಟೂ ನಂತರದ ದುಃಖ ಎದೆಗೆ ತಟ್ಟುತ್ತದೆ.

'ನಾಗರಹಾವು' (1972) ಚಿತ್ರದ ಒನಕೆ ಓಬವ್ವನ ಹಾಡಿನಲ್ಲಿ ಇದೇ ಸಂಗೀತಗಾರರ ಬೇರೆಯೇ ಮುಖವಿದೆ. ಅಲ್ಲಿ ಹಾಡೇ ಕಥೆ ಹೇಳಬೇಕು, ಕಾಳಗವನ್ನೂ ಕಣ್ಣಮುಂದೆ ತರಬೇಕು. ಅಡೂರ್ ಗೋಪಾಲಕೃಷ್ಣನ್ ಅವರ ಮಲೆಯಾಳಂ ಚಿತ್ರ 'ಮದಿಲುಗಳ್' (1990) ಇದಕ್ಕೆ ತದ್ವಿರುದ್ಧ. ಸೆರೆಮನೆಯ ಗೋಡೆಯಾಚೆಯಿಂದ ಹೆಣ್ಣಿನ ದನಿ ಮಾತ್ರ ಕೇಳುವ ಆ ಚಿತ್ರದಲ್ಲಿ ಹಾಡುಗಳೇ ಇಲ್ಲ. ಅದಕ್ಕೂ ಸಂಗೀತ ವಿಜಯಭಾಸ್ಕರ್ ಅವರದೇ. ಎಲ್ಲಿ ನುಡಿಸಬೇಕೆಂದು ತಿಳಿಯುವುದು ವಿದ್ಯೆ; ಎಲ್ಲಿ ಸುಮ್ಮನಿರಬೇಕೆಂದು ತಿಳಿಯುವುದು ಇನ್ನೂ ದೊಡ್ಡ ವಿದ್ಯೆ. 2002ರಲ್ಲಿ ಅವರು ತೀರಿಕೊಂಡರು.

ವಿದ್ಯಾರ್ಥಿಗಳು ಕಾವೇರಿಯ ಹಾಡನ್ನು ಮೂರು ಸಲ ಕೇಳಲಿ. ಮೊದಲು ಮಾತಿಗಾಗಿ, ಆಮೇಲೆ ತಾಳಕ್ಕಾಗಿ, ಕೊನೆಗೆ ದನಿ ನಿಂತಾಗ ಮೂಡುವ ವಾದ್ಯಗಳಿಗಾಗಿ. ಹಾಡು ಕೇಳಿದರೆ ಓದು ಕೆಡುತ್ತದೆ ಎಂದು ತಂದೆತಾಯಿಯರು ಗದರುವುದುಂಟು. ಅವರೂ ಒಮ್ಮೆ ಪಕ್ಕದಲ್ಲಿ ಕುಳಿತು ಕೇಳಲಿ. ಗಮನವಿಟ್ಟು ಕೇಳುವುದೂ ಓದಿನ ಒಂದು ಭಾಗವೇ. ಹಾಡು ಮುಗಿದ ಮೇಲೆ ರಾಗ ಹಾಕಿದವರ ಹೆಸರನ್ನೂ ಒಮ್ಮೆ ಹೇಳಿದರೆ, ತೆರೆಮರೆಯಲ್ಲಿ ದುಡಿದವರ ಋಣ ತುಸುವಾದರೂ ತೀರೀತು.