ಕಲಾವಿದನ ಕೂಲಿ ಭಿಕ್ಷೆಯಲ್ಲ

ಸರಕಾರ ಚಿತ್ರಕಲೆಗೆ ಹಣ ಕೊಡಬೇಕೆಂಬ ಮಾತು ಬಂದೊಡನೆ ಹೊಟ್ಟೆ ತುಂಬಿದ ಮಹನೀಯರು ಒಂದು ಗಾದೆಯನ್ನು ಎತ್ತುತ್ತಾರೆ: ಹೊಟ್ಟೆಗೆ ಹಿಟ್ಟಿಲ್ಲ, ಜುಟ್ಟಿಗೆ ಮಲ್ಲಿಗೆ ಹೂವು! ದುಡಿಯುವವರ ಹಸಿವಿನ ಮೇಲೆ ಇವರಿಗೆ ಇದ್ದಕ್ಕಿದ್ದಂತೆ ಹುಟ್ಟುವ ಕನಿಕರವನ್ನು ನಾವು ಬಲ್ಲೆವು. ನಾವು ಕೂಲಿ ಹೆಚ್ಚಿಸಿರೆಂದು ಕೇಳಿದಾಗ ಈ ಕನಿಕರ ಎಲ್ಲಿ ಅಡಗಿರುತ್ತದೆ? ಚಿತ್ರ ಬರೆಯುವವನಿಗೂ ಹೊಟ್ಟೆಯಿದೆ, ಹೆಂಡತಿ ಮಕ್ಕಳಿದ್ದಾರೆ. ಬಂಡವಾಳಶಾಹಿಯ ತವರಾದ ಅಮೆರಿಕದಲ್ಲೇ ಇದನ್ನು ಅರಿತು ಆಡಳಿತ ನಡೆಸಿದ ಒಬ್ಬ ಅಧಿಕಾರಿಯ ಬಾಳನ್ನು ಇವರ ಮುಂದಿಡುತ್ತೇವೆ.

ಆತನ ಹೆಸರು ಹೋಲ್ಗರ್ ಕಾಹಿಲ್. 1887ರಲ್ಲಿ ಐಸ್‌ಲೆಂಡಿನಲ್ಲಿ ಹುಟ್ಟಿದವ. ಹೊಟ್ಟೆಪಾಡಿಗಾಗಿ ಆ ಸಂಸಾರ ಉತ್ತರ ಅಮೆರಿಕಕ್ಕೆ ವಲಸೆ ಹೋಯಿತು. ತಂದೆ ಮನೆ ಬಿಟ್ಟು ಹೋದ. ಹುಡುಗ ಪರರ ಹೊಲದಲ್ಲಿ ದುಡಿದ, ಊರೂರು ಅಲೆದ, ಹಡಗಿನಲ್ಲಿ ಕೆಲಸ ಮಾಡಿದ. ನ್ಯೂಯಾರ್ಕಿನಲ್ಲಿ ರಾತ್ರಿ ತರಗತಿಗಳಲ್ಲಿ ಓದಿ ಪತ್ರಕರ್ತನಾದ. ಮುಂದೆ ವಸ್ತುಸಂಗ್ರಹಾಲಯದ ಕೆಲಸಕ್ಕೆ ಸೇರಿದಾಗಲೂ ತನ್ನ ಜನರನ್ನು ಮರೆಯಲಿಲ್ಲ. ಅಂಗಡಿಯ ಮುಂದೆ ನಿಲ್ಲಿಸುತ್ತಿದ್ದ ಮರದ ಬೊಂಬೆ, ಗಾಳಿಯ ದಿಕ್ಕು ತೋರುವ ತಗಡಿನ ಹುಂಜ, ಇಂಥವನ್ನೆಲ್ಲ ತಂದು ಇದೂ ಕಲೆಯೇ ಎಂದು ಪ್ರದರ್ಶನಕ್ಕಿಟ್ಟ.

1929ರ ಕುಸಿತದಿಂದ ಕೋಟಿಗಟ್ಟಲೆ ಜನ ಕೆಲಸ ಕಳೆದುಕೊಂಡರು. 1935ರಲ್ಲಿ ರೂಸ್‌ವೆಲ್ಟ್ ಸರಕಾರ ಫೆಡರಲ್ ಕಲಾ ಯೋಜನೆಯನ್ನು ಆರಂಭಿಸಿ ಕಾಹಿಲ್‌ನ ಕೈಗೆ ಕೊಟ್ಟಿತು. ಆತ ದಾನ ಹಂಚಲಿಲ್ಲ, ಕೆಲಸ ಕೊಟ್ಟ, ಕೂಲಿ ಕೊಟ್ಟ. ನ್ಯೂಯಾರ್ಕಿನ ಕಲಾವಿದನಿಗೆ ವಾರಕ್ಕೆ ಸುಮಾರು 24 ಡಾಲರ್. ಶಾಲೆ, ಆಸ್ಪತ್ರೆಗಳಂಥ ಜನರ ಕಟ್ಟಡಗಳೇ ಅವರ ಚಿತ್ರಶಾಲೆಗಳಾದವು. ಚಿಕ್ಕ ಊರುಗಳಲ್ಲಿ 100ಕ್ಕೂ ಹೆಚ್ಚು ಕಲಾಕೇಂದ್ರಗಳು ತೆರೆದವು. ಬಡಗಿ, ಕುಂಬಾರ, ನೇಕಾರರು ಮಾಡಿದ ಹಳೆಯ ವಸ್ತುಗಳ ಸುಮಾರು 18,000 ಚಿತ್ರಗಳು ಸಿದ್ಧವಾದವು. ಒಬ್ಬ ಮಹಾಪ್ರತಿಭಾವಂತನಿಂದ ಕಲೆ ಬಾಳುವುದಿಲ್ಲ, ಸಾವಿರಾರು ಕೈಗಳಿಂದ ಬಾಳುತ್ತದೆ ಎಂಬುದು ಆತನ ನಿಲುವು. ಮುಂದೆ ಜಗತ್ಪ್ರಸಿದ್ಧನಾದ ಜಾಕ್ಸನ್ ಪೊಲಾಕ್ ಕೂಡ ಈ ಕೂಲಿಯ ಮೇಲೆಯೇ ಬದುಕಿದ.

ಆದರೆ ಕಾಹಿಲ್‌ನನ್ನು ಹೊಗಳಿ ಸುಮ್ಮನಾಗಲು ನಾವು ಸಿದ್ಧರಿಲ್ಲ. ಯೋಜನೆಯನ್ನು ಕಟ್ಟಿದ್ದು ಪರಿಹಾರವೆಂದು, ಹಕ್ಕೆಂದು ಅಲ್ಲ. ಬಹುಪಾಲು ಕಲಾವಿದರು ತಾವು ನಿರ್ಗತಿಕರೆಂದು ಮೊದಲು ಸಾಬೀತು ಮಾಡಬೇಕಿತ್ತು. 1936ರ ಡಿಸೆಂಬರಿನಲ್ಲಿ ಕೆಲಸದಿಂದ ತೆಗೆಯುವುದನ್ನು ಪ್ರತಿಭಟಿಸಿ ನ್ಯೂಯಾರ್ಕ್ ಕಚೇರಿಯಲ್ಲಿ ಧರಣಿ ಕೂತ 219 ಮಂದಿಯನ್ನು ಪೊಲೀಸರು ಹಿಡಿದೊಯ್ದರು. 1939ರಲ್ಲಿ ಶಾಸನಸಭೆಯ ಉಳ್ಳವರ ಪಕ್ಷಪಾತಿಗಳು ಕಮ್ಯುನಿಸಂನ ಗುಮ್ಮ ತೋರಿಸಿ ನಾಟಕ ಯೋಜನೆಯನ್ನು ಮುಚ್ಚಿಸಿದರು. 18 ತಿಂಗಳು ದುಡಿದವರನ್ನು ಹೊರಹಾಕುವ ನಿಯಮ ತಂದರು. ಒಳ್ಳೆಯ ಅಧಿಕಾರಿ ಏನು ಮಾಡಬಲ್ಲ? ಕಡತ ಬರೆಯಬಲ್ಲ, ಬೇಡಿಕೊಳ್ಳಬಲ್ಲ. 1943ರಲ್ಲಿ ಎಲ್ಲವೂ ಮುಗಿಯಿತು. ನ್ಯೂಯಾರ್ಕಿನ ಉಗ್ರಾಣದಲ್ಲಿದ್ದ ಚಿತ್ರಗಳನ್ನು ಗುಜರಿಯಂತೆ ತೂಕಕ್ಕೆ ಮಾರಿದರು. ಕೊಳಾಯಿಗೆ ಸುತ್ತುವ ಬಟ್ಟೆಯೆಂದು ಅವನ್ನು ಕೊಂಡವರಿದ್ದರು!

ಗಿರಣಿ ಕಾರ್ಮಿಕ ಬಂಧುಗಳೇ, ಇದು ನಿಮಗೆ ಹೊಸ ಕಥೆಯೇ? ಧಣಿಯ ದಯೆಯಿಂದ ಬಂದ ಬೋನಸ್ಸು ಧಣಿಯ ಸಿಟ್ಟಿನಿಂದ ಹೋಗುತ್ತದೆ. ಹೋರಾಡಿ ಪಡೆದು ಕಾನೂನಿನಲ್ಲಿ ಬರೆಸಿಕೊಂಡದ್ದನ್ನು ಕಿತ್ತುಕೊಳ್ಳುವುದು ಅಷ್ಟು ಸುಲಭವಲ್ಲ. ಅಂಗಡಿಕಾರ ಮಿತ್ರರೇ, ನಿಮ್ಮ ಬೋರ್ಡು ಬರೆಯುತ್ತಿದ್ದ ಪೇಂಟರ್ ಈಗೆಲ್ಲಿ? ಫ್ಲೆಕ್ಸ್ ಯಂತ್ರ ಬಂದು ಅವನ ಕೈಯ ಕುಂಚ ಕಸಿಯಿತು. ಅವನಿಗೆ ಶಾಲು ಹಾರ ಬೇಡ, ಮಂತ್ರಿಗಳ ಭಾಷಣ ಬೇಡ. ಶಾಲೆಯ ಗೋಡೆ, ಆಸ್ಪತ್ರೆಯ ಗೋಡೆ, ಬಸ್ ನಿಲ್ದಾಣದ ಗೋಡೆ ಬರಿದಾಗಿವೆ. ಅಲ್ಲಿ ಕೆಲಸ ಕೊಡಿ, ದಿನಗೂಲಿ ಗೊತ್ತುಮಾಡಿ, ಅದನ್ನು ಕಾನೂನು ಮಾಡಿ.

ಮಲ್ಲಿಗೆ ಬೆಳೆಯುವವನಿಗೂ ಹಿಟ್ಟು ಬೇಕು. ಎರಡನ್ನೂ ಕೇಳುತ್ತೇವೆ, ಭಿಕ್ಷೆಯೆಂದಲ್ಲ, ಹಕ್ಕೆಂದು!