ಪ್ರತಿಸ್ಪರ್ಧಿಯಿಲ್ಲದ ಊರಿನಲ್ಲಿ ಪ್ರತಿಭೆ

2024ರ ಡಿಸೆಂಬರ್ 12ರಂದು ಚೆನ್ನೈಯ ಗುಕೇಶ್ ಅವರು ಸಿಂಗಪುರದಲ್ಲಿ ಚೀನಾದ ಡಿಂಗ್ ಲಿರೆನ್ ಅವರನ್ನು ಪರಾಭವಗೊಳಿಸಿ, ಹದಿನೆಂಟನೆಯ ವಯಸ್ಸಿನಲ್ಲಿಯೇ ಚದುರಂಗದ ವಿಶ್ವವಿಜೇತರಾದ ಮೇಲೆ, ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಗಳಂಥ ಊರುಗಳ ತಂದೆತಾಯಿಗಳೂ ತಮ್ಮ ಮಕ್ಕಳ ಮುಂದೆ ಮಣೆಯನ್ನು ಹಾಸಿ, ನಮ್ಮ ಸೀಮೆಯಲ್ಲಿಯೂ ಅಂಥವನೊಬ್ಬನು ಹುಟ್ಟಲಾರನೇ ಎಂದು ಆಶಿಸಿದರೆ ಅದರಲ್ಲಿ ಆಶ್ಚರ್ಯವೇನೂ ಇಲ್ಲ. ಹುಟ್ಟಬಲ್ಲನೆಂಬುದರಲ್ಲಿ ನನಗೆ ಸಂದೇಹವಿಲ್ಲ. ಹುಟ್ಟಿದ ಮೇಲೆ ಅವನು ಯಾರೊಡನೆ ಆಡಬೇಕೆಂಬುದೇ ನನ್ನ ಪ್ರಶ್ನೆ.

ಈ ಆಟವು ನಮಗೆ ಪರಕೀಯವಾದುದಲ್ಲ. ಭೀಮಾತೀರದ ತರ್ದವಾಡಿ ನಾಡಿನಲ್ಲಿ ಸಾಮಂತನಾಗಿದ್ದ ತೈಲಪನು ಸ್ಥಾಪಿಸಿದ ಕಲ್ಯಾಣ ಚಾಲುಕ್ಯ ರಾಜ್ಯವನ್ನು ಹನ್ನೆರಡನೆಯ ಶತಮಾನದಲ್ಲಿ ಆಳಿದ ಮೂರನೆಯ ಸೋಮೇಶ್ವರನು ತನ್ನ ‘ಮಾನಸೋಲ್ಲಾಸ’ದಲ್ಲಿ ಅರಸರ ವಿನೋದಗಳನ್ನು ವಿವರಿಸುವಾಗ ಚತುರಂಗಕ್ಕೂ ಸ್ಥಾನವನ್ನು ಕೊಟ್ಟಿದ್ದಾನೆ, ಹತ್ತೊಂಬತ್ತನೆಯ ಶತಮಾನದಲ್ಲಿ ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು, ಕುದುರೆಯು ಯಾವ ಮನೆಯನ್ನೂ ಎರಡು ಸಲ ತುಳಿಯದೆ ಮಣೆಯನ್ನೆಲ್ಲ ಸುತ್ತಿಬರುವ ಸಮಸ್ಯೆಯನ್ನು ಸಂಖ್ಯಾಚಮತ್ಕಾರದೊಡನೆ ಹೆಣೆದು ವಿದ್ವಾಂಸರನ್ನು ಬೆರಗುಗೊಳಿಸಿದರು. ಇಂಥ ಪರಂಪರೆಯುಳ್ಳ ನಾಡಿಗೆ ಮೊದಲನೆಯ ಗ್ರ್ಯಾಂಡ್‌ಮಾಸ್ಟರ್ ದೊರೆತುದು, ವಿಶ್ವನಾಥನ್ ಆನಂದ್ ಅವರು 1988ರಲ್ಲಿ ಭಾರತಕ್ಕೆ ಆ ಪದವಿಯನ್ನು ತಂದ 29 ವರ್ಷಗಳ ಅನಂತರ, 2017ರಲ್ಲಿ ಮೈಸೂರಿನ ಎಂ. ಎಸ್. ತೇಜ್‌ಕುಮಾರ್ ಅವರ ಮೂಲಕ. ಪರಂಪರೆಯೊಂದರಿಂದಲೇ ಆಟಗಾರನು ಸಿದ್ಧನಾಗುವಂತಿದ್ದರೆ ಇಷ್ಟು ವಿಳಂಬವಾಗುತ್ತಿರಲಿಲ್ಲ.

ವಿಳಂಬದ ಕಾರಣವು ಆ ಪದವಿಯ ನಿಯಮಗಳಲ್ಲಿಯೇ ಅಡಗಿದೆ. ಗ್ರ್ಯಾಂಡ್‌ಮಾಸ್ಟರ್ ಆಗಬಯಸುವವನ ರೇಟಿಂಗು 2500ನ್ನು ಮುಟ್ಟಬೇಕು, ಅದಲ್ಲದೆ, ಸಾಮಾನ್ಯವಾಗಿ ಒಂಬತ್ತು ಸುತ್ತುಗಳ ಪಂದ್ಯಾವಳಿಗಳಲ್ಲಿ 2600ರ ಮಟ್ಟದ ಆಟವನ್ನು ತೋರಿಸಿ ಮೂರು ‘ನಾರ್ಮ್’ಗಳನ್ನು ಗಳಿಸಬೇಕು, ಅಂಥ ಪಂದ್ಯಾವಳಿಯಲ್ಲಿ ಅವನ ಎದುರಾಳಿಗಳ ಪೈಕಿ ಕಡಮೆಯೆಂದರೆ ಮೂವರು ತಾವೇ ಗ್ರ್ಯಾಂಡ್‌ಮಾಸ್ಟರುಗಳಾಗಿರಬೇಕು. ಎಂದರೆ, ಈ ಪದವಿಯನ್ನು ಏಕಾಂತದ ತಪಸ್ಸಿನಿಂದ ಪಡೆಯುವುದು ಸಾಧ್ಯವೇ ಇಲ್ಲ. ಗರಡಿಯ ಪೈಲವಾನನು ಎಷ್ಟು ಸಾಮು ಮಾಡಿದರೂ ಜೋಡಿಯಿಲ್ಲದೆ ಕುಸ್ತಿಯನ್ನು ಕಲಿಯಲಾರನಷ್ಟೆ. ಚದುರಂಗದವನ ಸ್ಥಿತಿಯೂ ಅದೇ. ಬಲಿಷ್ಠ ಎದುರಾಳಿಗಳು ಊರಿಗೆ ಬಾರದಿದ್ದರೆ ಇವನೇ ಅವರಿದ್ದಲ್ಲಿಗೆ ಹೋಗಬೇಕು. ಹೋಗುವುದಕ್ಕೆ ಹಣ ಬೇಕು, ಜೊತೆಗೊಬ್ಬರು ಬೇಕು, ವರ್ಷಗಳು ಬೇಕು.

ಇವುಗಳಿಲ್ಲದೆ ಹೋದರೆ ಪ್ರತಿಭೆಗೆ ಏನಾಗುವುದೆಂಬುದನ್ನು ಮೀರ್ ಸುಲ್ತಾನ್ ಖಾನನ ಜೀವನವು ತಿಳಿಸುತ್ತದೆ. ಪಂಜಾಬಿನ ಹಳ್ಳಿಯಿಂದ ತನ್ನ ಒಡೆಯನಾದ ಸರ್ ಉಮರ್ ಹಯಾತ್ ಖಾನನ ಪರಿವಾರದೊಡನೆ ಇಂಗ್ಲೆಂಡಿಗೆ ಹೋದ ಈತನು, 1929, 1932 ಮತ್ತು 1933ರಲ್ಲಿ ಬ್ರಿಟಿಷ್ ಚಾಂಪಿಯನ್ನನಾದನು; ಹೇಸ್ಟಿಂಗ್ಸಿನಲ್ಲಿ ಮಾಜಿ ವಿಶ್ವವಿಜೇತ ಕಾಪಾಬ್ಲಾಂಕನನ್ನೇ ಮಣಿಸಿದನು. ಒಡೆಯನು 1933ರಲ್ಲಿ ಸ್ವದೇಶಕ್ಕೆ ಮರಳಿದಾಗ ಆಳೂ ಮರಳಲೇಬೇಕಾಯಿತು; ಅಲ್ಲಿಗೆ ಅವನ ಅಂತಾರಾಷ್ಟ್ರೀಯ ಆಟವು ಮುಗಿದುಹೋಯಿತು. 1950ರಲ್ಲಿ ವಿಶ್ವ ಚದುರಂಗ ಸಂಸ್ಥೆಯಾದ ಫಿಡೆಯು 27 ಮಂದಿಗೆ ಗ್ರ್ಯಾಂಡ್‌ಮಾಸ್ಟರ್ ಬಿರುದನ್ನು ಮೊದಲ ಬಾರಿಗೆ ಕೊಟ್ಟಾಗ ಆ ಪಟ್ಟಿಯಲ್ಲಿ ಅವನ ಹೆಸರಿರಲಿಲ್ಲ. 1966ರಲ್ಲಿ ಅವನು ತೀರಿಕೊಂಡನು. ಗೌರವ ಪದವಿಯು ಬಂದುದು 2024ರಲ್ಲಿ. ಪರರ ಅನುಗ್ರಹವನ್ನು ಆಶ್ರಯಿಸಿ ಬೆಳೆದ ಪ್ರತಿಭೆಯು ಆ ಅನುಗ್ರಹದೊಡನೆಯೇ ಅಸ್ತಮಿಸಿತು.

ಆನಂದ್ ಅವರ ಭಾಗ್ಯವು ಬೇರೆಯಾಗಿತ್ತು. ತಾಯಿಯಿಂದ ಆಟವನ್ನು ಕಲಿತ ಆ ಬಾಲಕನಿಗೆ, ಭಾರತದ ಪ್ರಥಮ ಇಂಟರ್‌ನ್ಯಾಷನಲ್ ಮಾಸ್ಟರ್ ಆದ ಮ್ಯಾನುಯೆಲ್ ಆರನ್ ಅವರು ಕಟ್ಟಿದ ಮದರಾಸಿನ ತಾಲ್ ಚೆಸ್ ಕ್ಲಬ್ ಇತ್ತು. ಅಲ್ಲಿ ದಿನವೂ ಎದುರು ಕುಳಿತುಕೊಳ್ಳುವ ಹಿರಿಯರಿದ್ದರು. ಇಂದು ಅದೇ ನಗರದಿಂದ ಗ್ರ್ಯಾಂಡ್‌ಮಾಸ್ಟರುಗಳು ಸಾಲುಸಾಲಾಗಿ ಬರುತ್ತಿರುವುದನ್ನು ಕಂಡು ವಿಸ್ಮಯಪಡುವವರು, ಆ ಕ್ಲಬ್ಬಿನ ಮೇಜುಗಳ ಮೇಲೆ ಅವರ ಹಿಂದಿನ ತಲೆಮಾರು ಸೋತ ಆಟಗಳನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ನಮ್ಮ ರಾಜ್ಯದಲ್ಲಿಯೂ ತೇಜ್‌ಕುಮಾರ್ ಅವರ ಅನಂತರ ಪದವಿ ಪಡೆದ ಸ್ಟ್ಯಾನಿ, ಗಿರೀಶ್ ಕೌಶಿಕ್, 2022ರಲ್ಲಿ ದೇಶದ 76ನೆಯ ಗ್ರ್ಯಾಂಡ್‌ಮಾಸ್ಟರ್ ಆದ ಪ್ರಣವ್ ಆನಂದ್ ಇವರೆಲ್ಲರೂ ಶಿವಮೊಗ್ಗ, ಮೈಸೂರು, ಬೆಂಗಳೂರುಗಳಿಂದ ಬಂದವರು. ಹಾಗೆಂದು ನಾವು ರಾಜಧಾನಿಯ ಕಡೆಗೇ ಕೈಚಾಚಿ ನಿಲ್ಲಬೇಕಾಗಿಲ್ಲ.

ಏಕೆಂದರೆ ನಮ್ಮ ನಾಲ್ಕು ಊರುಗಳಿಗೆ ಬೆಂಗಳೂರಿಗಿಂತ ಸಾಂಗಲಿಯು ಎಷ್ಟೋ ಸಮೀಪ. ಕನ್ನಡವೂ ಮರಾಠಿಯೂ ಬೆರೆತ ಆ ಜಿಲ್ಲೆಯ ಪಟ್ಟಣದಲ್ಲಿ ಭಾವೂಸಾಹೇಬ ಪಡಸಲಗೀಕರರೆಂಬ ಮಹನೀಯರು 1941ರಲ್ಲಿ ನೂತನ ಬುದ್ಧಿಬಲ ಮಂಡಳವನ್ನು ಸ್ಥಾಪಿಸಿ, ತಮ್ಮ ಆಯುಸ್ಸನ್ನೆಲ್ಲ ಅದಕ್ಕೆ ಸವೆಸಿ, ಬೇಸಗೆಯ ರಜೆಯಲ್ಲಿ ದೀರ್ಘವಾದ ಪಂದ್ಯಾವಳಿಗಳನ್ನು ನಡೆಸುತ್ತ ಬಂದರು. ಅವರು ಗ್ರ್ಯಾಂಡ್‌ಮಾಸ್ಟರ್ ಆಗಿರಲಿಲ್ಲ. ಆದರೆ ಮಹಾನಗರವಲ್ಲದ ಒಂದು ಊರು ಭಾರತದ ಚದುರಂಗದ ನಕ್ಷೆಯಲ್ಲಿ ಕಾಣಿಸಿಕೊಳ್ಳುವಂತೆ ಮಾಡಿದರು. ನಮಗೆ ಬೇಕಾದುದು ಮೊದಲು ಇಂಥವರು. ಗ್ರ್ಯಾಂಡ್‌ಮಾಸ್ಟರನ ಸರದಿ ಆಮೇಲಿನದು.

ಮೊಬೈಲಿನಲ್ಲಿ ಜಗತ್ತೇ ಎದುರಾಳಿಯಾಗಿರುವಾಗ ಊರಿನ ಕೂಟವೇಕೆಂದು ಕೇಳುವವರುಂಟು. ಅಭ್ಯಾಸಕ್ಕೆ ಮೊಬೈಲು ಒದಗುತ್ತದೆ, ನಿಜ. ಆದರೆ ಅದರಲ್ಲಿ ಗೆದ್ದ ಆಟಗಳಿಂದ ನಾರ್ಮ್ ಬಾರದು, ಸೋತ ಮೇಲೆ ಎಲ್ಲಿ ತಪ್ಪಿದೆಯೆಂದು ಮಣೆಯನ್ನು ಮತ್ತೆ ಜೋಡಿಸಿ ತೋರಿಸುವ ಹಿರಿಯನೂ ಅದರಲ್ಲಿಲ್ಲ. ಮಳೆಯನ್ನೇ ನೆಚ್ಚಿಕೊಂಡ, ದುಡಿಮೆಗಾಗಿ ಜನರು ಗುಳೆ ಹೋಗುವ ಸೀಮೆಗೆ ಈ ವಿಲಾಸವೇಕೆಂಬ ಆಕ್ಷೇಪವು ಇದಕ್ಕಿಂತ ಗುರುತರವಾದುದು. ಚದುರಂಗವು ಮಕ್ಕಳಿಗೆ ಗಣಿತವನ್ನು ಕಲಿಸುವುದು, ಉದ್ಯೋಗವನ್ನು ಕೊಡಿಸುವುದು ಎಂಬ ಆಶ್ವಾಸನೆಯಿಂದ ಅದನ್ನು ನಿವಾರಿಸಲು ನಾನು ಬಯಸುವುದಿಲ್ಲ. ಮಣೆಗೆ ತಗಲುವ ವೆಚ್ಚ ಅತ್ಯಲ್ಪವೆಂಬುದಷ್ಟೇ ನನ್ನ ಉತ್ತರ. ಹೆಚ್ಚಿನ ವೆಚ್ಚವಿರುವುದು ಪ್ರಯಾಣದಲ್ಲಿ, ಆ ಹೊರೆಯನ್ನು ನಾಲ್ಕು ಊರುಗಳು ಒಂದುಗೂಡಿ ಹಂಚಿಕೊಳ್ಳಬಹುದು.

ಗ್ರಾಮ ಪಂಚಾಯತಿಗಳ ಅರಿವು ಕೇಂದ್ರಗಳಲ್ಲಿ ಚದುರಂಗದ ಮಣೆಯನ್ನಿಡುವ ಪದ್ಧತಿ ಈಗಾಗಲೇ ಬಂದಿದೆ. ಅಲ್ಲಿ ಗೆದ್ದ ಮಕ್ಕಳನ್ನು ತಿಂಗಳಿಗೊಂದು ಭಾನುವಾರ ಇಂಡಿಯಲ್ಲಿ, ಮುಂದಿನ ತಿಂಗಳು ಸಿಂದಗಿಯಲ್ಲಿ, ಆಮೇಲೆ ಮುದ್ದೇಬಿಹಾಳದಲ್ಲಿ, ಬಾಗೇವಾಡಿಯಲ್ಲಿ ಸರದಿಯಂತೆ ಕೂಡಿಸಿ ಆಡಿಸಬೇಕು. ರೈಲಿನ ಸೌಕರ್ಯವಿಲ್ಲದ ಸಿಂದಗಿ, ಮುದ್ದೇಬಿಹಾಳಗಳ ಮಕ್ಕಳಿಗೆ ಬಸ್ಸಿನ ಖರ್ಚನ್ನು ಕೊಡಬೇಕು. ಬೇಸಗೆಯಲ್ಲಿ ಆಯ್ದ ಕೆಲವರನ್ನು ಸಾಂಗಲಿಗೆ ಕಳುಹಿಸಬೇಕು. ವಿಜೇತರಿಗೆ ಶಾಲು ಹೊದಿಸಿ ಮೆರವಣಿಗೆ ಮಾಡಲು ಉತ್ಸುಕರಾಗುವ ನಮ್ಮ ಸಂಘಸಂಸ್ಥೆಗಳೂ ಜನಪ್ರತಿನಿಧಿಗಳೂ ಆ ಹಣದ ಒಂದು ಭಾಗವನ್ನು, ಇನ್ನೂ ಏನನ್ನೂ ಗೆಲ್ಲದ ಮಕ್ಕಳ ಈ ಪ್ರಯಾಣಕ್ಕೆ ಮುಂಗಡವಾಗಿ ಕೊಡಲಿ. ಹೀಗೆ ಹತ್ತು ವರ್ಷ ನಡೆದ ಮೇಲೂ ಗ್ರ್ಯಾಂಡ್‌ಮಾಸ್ಟರ್ ಒಬ್ಬನು ಬರದೆ ಇರಬಹುದು. ಆದರೆ ಅಷ್ಟರಲ್ಲಿ ಎಂದಾದರೂ ಒಬ್ಬ ಅಸಾಧಾರಣ ಬಾಲಕನೋ ಬಾಲಕಿಯೋ ಈ ಸೀಮೆಯಲ್ಲಿ ಹುಟ್ಟಿದರೆ, ಆ ಮಗುವನ್ನು ಸೋಲಿಸಬಲ್ಲ ನೂರು ಮಂದಿ ಇಲ್ಲಿಯೇ ಸಿದ್ಧರಿರುತ್ತಾರೆ.